ಜೇಬಿನಲ್ಲಿದ್ದ ಮೂರು ತೆನೆ

“ಗಿಲ್ಬರ್ಟ್ ಕೋಳಿ ತಿಂದ ಅಂದೆನಲ್ಲ. ನನ್ನ ಎದುರಿಗೇ ಕೂತು ತಿಂದ. ಇನ್ನೆಷ್ಟು ಸಲ ಹೇಳ್ಬೇಕು ನಿಮಗೆ?”

ದಾಮೋದರ ಈ ಮಾತು ಹೇಳಿದ್ದು ಅದು ಮೂರನೆಯ ಸಲ. ಮೂರನೆಯ ಸಲವೂ ನಾನು ಅದನ್ನು ಇಂಗ್ಲಿಷಿಗೆ ತಿರುಗಿಸಿ ಇನ್ಸ್‌ಪೆಕ್ಟರ್ ರೊಸ್ಲಿಗೆ ಒಪ್ಪಿಸಿದೆ. ರೊಸ್ಲಿ ಮೂಗಿನ ಮೇಲಿದ್ದ ಬಿಳಿ ಮಾಸ್ಕನ್ನು ಗಲ್ಲಕ್ಕೆ ಇಳಿಸಿ ಟೀ ಕುಡಿದ. ಅವಸರವೇ ಇಲ್ಲದ ಮನುಷ್ಯ. ಅವಸರ ಯಾಕಿರಬೇಕು ಅವನಿಗೆ? ಬೇಕಾದವನು ಕೈಗೆ ಸಿಕ್ಕಾಗಿತ್ತು.

ಬೆಳಿಗ್ಗೆ ನಮ್ಮ ಜೊತೆ ಟೂರಿನ ವ್ಯಾನು ಹತ್ತಿದ ಗಿಲ್ಬರ್ಟ್ ಮಧ್ಯಾಹ್ನ ಮಲೇಶಿಯಾದ ಬುಜಾಂಗ್ ಕಣಿವೆಯ ಪಾಳು ಗುಡಿಯ ಕೆಳಗೆ, ಹೊಳೆಯ ನೀರಿನಲ್ಲಿ ಹೆಣವಾಗಿ ಸಿಕ್ಕಿದ್ದ. ತಲೆಯ ಹಿಂಭಾಗದಲ್ಲಿ ಕಲ್ಲಿನ ಪೆಟ್ಟು. ಹೊಡೆದವನು ನನ್ನ ತಮ್ಮ ಆಲನ್ ಎಂದು ರೊಸ್ಲಿ ಮುಕ್ಕಾಲು ಪಾಲು ತೀರ್ಮಾನಿಸಿಬಿಟ್ಟಿದ್ದ.

ನಾವು ಕೂತಿದ್ದ ಬೆಟ್ಟದ ಹಳ್ಳಿಯ ಊಟದಂಗಡಿಯ ಹೊರಗೆ ಆಲನ್ ಬೆಂಚಿನ ಮೇಲೆ ಕೂತಿದ್ದ, ಪಕ್ಕದಲ್ಲಿ ಕಾನ್‌ಸ್ಟೇಬಲ್. ಪ್ಯಾಂಟು ಮಂಡಿಯ ತನಕ ಒದ್ದೆ. ಹೆಣವನ್ನು ಮೊದಲು ಕಂಡವನು ಅವನೇ. ನೀರಿಗಿಳಿದು ಎಳೆದವನೂ ಅವನೇ. ಕೂಗಿಕೊಂಡು ಬೆಟ್ಟದ ಹಾದಿ ಹತ್ತಿ ಬಂದವನೂ ಅವನೇ. ಇದೆಲ್ಲ ಮನುಷ್ಯತ್ವ ಎಂದು ನಾನು ಹೇಳಿದರೆ, ರೊಸ್ಲಿ ಅದನ್ನೆಲ್ಲ ಸಾಕ್ಷ್ಯ ಎನ್ನುತ್ತಿದ್ದ.

ಕೆಳಗಿನ ಠಾಣೆಯಿಂದ ಜೀಪು ಹೊರಟಿತ್ತು. ಅದು ಬಂದರೆ ಆಲನ್ ಅದರಲ್ಲಿ ಹತ್ತಬೇಕು. ಈ ದೇಶದಲ್ಲಿ ಕೊಲೆಗೆ ನೇಣು. ಕೌಲಾಲಂಪುರದ ಬಾಂಗ್ಸಾರಿನ ಇನ್ಶೂರೆನ್ಸ್ ಆಫೀಸಿನಲ್ಲಿ ಸುಳ್ಳು ಕ್ಲೇಮು ಹಿಡಿಯುವುದೇ ನನ್ನ ಕೆಲಸ ಎಂದು ಕಾರ್ಡು ತೋರಿಸಿ, ಕೈಮುಗಿಯುವುದೊಂದು ಬಾಕಿ ಇಟ್ಟು ಕೇಳಿಕೊಂಡ ಮೇಲೆ ರೊಸ್ಲಿ ಒಪ್ಪಿದ್ದ. ಜೀಪು ಬರುವ ತನಕ ಕೇಳಿಕೋ, ಆದರೆ ನಿಮ್ಮ ಭಾಷೆಯಲ್ಲಿ ಯಾರು ಏನು ಹೇಳಿದರೂ ನನಗೆ ಅಲ್ಲೇ ತಿಳಿಸು ಎಂದು ಷರತ್ತು ಹಾಕಿದ್ದ.

ದಾಮೋದರನಿಗೆ ಇಂಗ್ಲಿಷ್ ಚೆನ್ನಾಗಿ ಬರುತ್ತದೆ. ಗಿಲ್ಬರ್ಟ್ ಮತ್ತು ಅವನು ಒಂದೇ ಆಫೀಸಿನವರು. ಆದರೆ ಇಂಗ್ಲಿಷಿನಲ್ಲಿ ಕೇಳಿದರೆ ಅವನು ಮೀಟಿಂಗಿನಲ್ಲಿ ಕೂತವನ ಹಾಗೆ ಅಳೆದು ತೂಗಿ ಮಾತಾಡುತ್ತಿದ್ದ. ಅದೂ ಅಲ್ಲದೆ ಪಕ್ಕದಲ್ಲಿ ಅವನ ಹೆಂಡತಿ ಜಲಜಾಕ್ಷಿ ಕೂತಿದ್ದಳು. ಆಕೆಗೆ ಇಂಗ್ಲಿಷ್ ಅಷ್ಟಕ್ಕಷ್ಟೆ. ಪ್ರತಿಯೊಂದು ಮಾತೂ ಆಕೆಗೆ ಅರ್ಥವಾಗಲಿ ಎಂದೇ ನಾನು ಕನ್ನಡ ಹಿಡಿದದ್ದು.

“ಸರಿ, ತಿಂದ,” ಎಂದೆ. “ಯಾವ ಟೇಬಲ್ಲು?”

“ಇದೇ.”

“ನೀವು ಎಂತ ತಿಂದ್ರಿ?”

“ನಾನು ಇಲ್ಲೆಲ್ಲ ಏನೂ ತಿನ್ನಲ್ಲಮ್ಮ. ಟೀ ಕುಡಿದೆ ಅಷ್ಟೆ.”

“ನಮ್ಮನೇಲಿ ಈರುಳ್ಳಿನೇ ಸೇರಿಸಲ್ಲ,” ಎಂದು ಜಲಜಾಕ್ಷಿ ಸೇರಿಸಿದಳು. “ಇಂಥಾ ಕಡೆ ಕೂರೋದೇ ನಮಗೆ ಕಷ್ಟ.”

ಅಂಗಡಿಯಾಕೆ ಹೇಳಿದ್ದೂ ಇದಕ್ಕೆ ಹೊಂದುತ್ತಿತ್ತು. ಒಂದು ತಟ್ಟೆ ಕೋಳಿ ಅನ್ನ, ಒಂದು ಲೋಟ ಟೀ. ಕೂತವರು ಒಬ್ಬರೋ ಇಬ್ಬರೋ ಆಕೆ ನೋಡಿರಲಿಲ್ಲ, ಒಳಗೆ ಒಲೆಯ ಮುಂದಿದ್ದಳು. ನೋಡಿದ್ದರೂ ಏನು ಪ್ರಯೋಜನ? ಸುಮಾತ್ರಾದ ಕಾಡು ಸುಟ್ಟ ಹೊಗೆ ವಾರದಿಂದ ಇಡೀ ದೇಶದ ಮೇಲೆ ಕವಿದಿತ್ತು. ಎಲ್ಲರ ಮೂಗಿಗೂ ಒಂದೇ ಥರದ ಬಿಳಿ ಬಟ್ಟೆ. ನಮ್ಮ ಜನ ಆಕೆಯ ಕಣ್ಣಿಗೆ ಒಂದೇ ಮುಖದವರಾಗಿ ಕಂಡಿದ್ದರೆ ತಪ್ಪಲ್ಲ.

ಒಂದು ತಟ್ಟೆಯ ಕೋಳಿಯ ಮೇಲೆ ನನ್ನ ತಮ್ಮನ ಪ್ರಾಣ ನಿಂತಿತ್ತು. ಯಾಕೆ ಎಂದು ಹೇಳಿಬಿಡುತ್ತೇನೆ.

ಬೆಳಿಗ್ಗೆ ಗೈಡು ದೇವದಾಸ ನಮ್ಮನ್ನು ಮೊದಲು ಕರೆದೊಯ್ದದ್ದು ಅದೇ ಪಾಳು ಗುಡಿಗೆ, ಮೆರ್ಬೋಕಿನ ಚಂಡಿಗೆ. ಇಲ್ಲಿಯವರು ಹಳೆಯ ಗುಡಿಗಳ ಅವಶೇಷಕ್ಕೆ ಚಂಡಿ ಎನ್ನುತ್ತಾರೆ. ಕಾಡಿನ ನಡುವೆ ಕಲ್ಲಿನ ಜಗತಿ, ನಾಲ್ಕು ಮೆಟ್ಟಿಲು, ಮರದ ಕಂಬ ನಿಲ್ಲಿಸುತ್ತಿದ್ದ ಕುಳಿಗಳು, ಕೆಳಗೆ ಹೊಳೆ. ದೇವರಿಲ್ಲದ ಆ ಜಗತಿಗೆ ಜಲಜಾಕ್ಷಿ ಚಪ್ಪಲಿ ಬಿಟ್ಟು ಪ್ರದಕ್ಷಿಣೆ ಹಾಕಿದ್ದಳು. ಅಲ್ಲಿಂದ ಜೆರಾಯ್ ಬೆಟ್ಟದ ಹಳ್ಳಿಗೆ ಎರಡು ದಾರಿ. ನಡೆಯಬಲ್ಲವರಿಗೆ ಕಾಡುಹಾದಿ, ಆಗದವರಿಗೆ ಸುತ್ತಿ ಬರುವ ರಸ್ತೆಯಲ್ಲಿ ವ್ಯಾನು.

ನಾನು ಮತ್ತು ಉಳಿದ ಕೆಲವರು ದೇವದಾಸನ ಹಿಂದೆ ಕಾಡುಹಾದಿ ಹತ್ತಿದೆವು. ಗಿಲ್ಬರ್ಟ್ ಮತ್ತು ದಾಮೋದರ ಹಿಂದೆ ಉಳಿದರು. ವ್ಯಾನಿನ ಮೊದಲ ಟ್ರಿಪ್ಪಿನಲ್ಲಿ ಜಲಜಾಕ್ಷಿ ಮತ್ತು ವಯಸ್ಸಾದವರು. ಎರಡನೆಯದರಲ್ಲಿ ಆಲನ್ ಮತ್ತು ಶರ್ಲಿ ಎಂದು ಮಾತಾಗಿತ್ತು. ಹಳ್ಳಿಯ ಮುಖ್ಯಸ್ಥನ ಮನೆಯ ಜಗಲಿಯಲ್ಲಿ ನಮಗೆಲ್ಲ ಊಟ. ಅಲ್ಲಿಗೆ ಆಲನ್ ಮತ್ತು ಶರ್ಲಿ ಜೊತೆಯಾಗಿ ನಡೆದು ಬಂದದ್ದನ್ನು ನಾನೇ ನೋಡಿದ್ದೆ.

ಊಟದ ನಂತರ ಆಲನ್ ಕಾಣಲಿಲ್ಲ. ಗಿಲ್ಬರ್ಟ್ ಊಟಕ್ಕೆ ಬಂದಿಲ್ಲ, ಹುಡುಕುತ್ತೇನೆ ಎಂದು ಕಾಡುಹಾದಿಯಲ್ಲಿ ಒಬ್ಬನೇ ಇಳಿದಿದ್ದ. ಆಮೇಲೆ ಬಂದದ್ದು ಅವನ ಕೂಗು.

ಈಗ ಲೆಕ್ಕ ಸುಲಭ. ದಾಮೋದರ ಹೇಳಿದ ಹಾಗೆ ಗಿಲ್ಬರ್ಟ್ ಹಳ್ಳಿಯ ಕೆಳತುದಿಯ ಈ ಅಂಗಡಿಯ ತನಕ ಬಂದು, ಕೋಳಿ ತಿಂದು, ಚಂಡಿಯನ್ನು ಇನ್ನೊಮ್ಮೆ ನೋಡುತ್ತೇನೆ ಎಂದು ಇಳಿದು ಹೋಗಿದ್ದರೆ, ಅವನು ಸತ್ತದ್ದು ಊಟದ ನಂತರ. ಆ ಹೊತ್ತಿಗೆ ಆ ಹಾದಿಯಲ್ಲಿದ್ದವನು ಆಲನ್ ಒಬ್ಬನೇ. ಗಿಲ್ಬರ್ಟ್ ಇಲ್ಲಿಗೆ ಬಂದೇ ಇಲ್ಲವಾದರೆ ಅವನು ಸತ್ತದ್ದು ಊಟಕ್ಕೆ ಮೊದಲು. ಆಗ ಆಲನ್ ವ್ಯಾನಿನಲ್ಲಿದ್ದ. ಶರ್ಲಿ ಹಾಗೆಂದು ಹೇಳಿಕೆ ಕೊಟ್ಟಿದ್ದಳು, ಮತ್ತು ಶರ್ಲಿ ಸತ್ತವನ ಸ್ವಂತ ತಂಗಿ.

ಹೆಣ ತಣ್ಣೀರಿನಲ್ಲಿ ಬಿದ್ದಿತ್ತು. ಹೊತ್ತು ಹೇಳಲು ಡಾಕ್ಟರಿಗೆ ನಾಳೆಯಾದರೂ ಬೇಕು ಎಂದು ರೊಸ್ಲಿ ಕೈಚೆಲ್ಲಿದ್ದ. ನಾಳೆಯ ತನಕ ನನ್ನ ತಮ್ಮ ಲಾಕಪ್ಪಿನಲ್ಲಿ ಕೊಳೆಯಬೇಕೇ?

“ತಿನ್ನೋ ಮುಂಚೆ ಗಿಲ್ಬರ್ಟ್ ಎಂತ ಮಾಡಿದ?” ಎಂದು ದಾಮೋದರನನ್ನು ಕೇಳಿದೆ.

“ಏನ್ಮಾಡ್ತಾನೆ? ನಿಮ್ಮೋರು ಮಾಡ್ತೀರಲ್ಲ, ಹಣೆ ಎದೆ ಮುಟ್ಕೊಂಡು ಒಂದು ಪ್ರಾರ್ಥನೆ. ಆಮೇಲೆ ತಿಂದ.”

“ಚೆನ್ನಾಗಿ ತಿಂದನಾ?”

“ಬೆರಳು ನೆಕ್ಕೊಂಡು ತಿಂದ.”

“ನಿಮ್ಮೋರಿಗೆ ಕೋಳಿ ಇಲ್ಲದ ದಿನ ಇದೆಯಾ?” ಎಂದು ಜಲಜಾಕ್ಷಿ ನಕ್ಕಳು. “ಇದನ್ನೊಂದು ಇಷ್ಟು ಹೊತ್ತು ಕೇಳ್ಬೇಕಾ? ನಾನೇ ಕಣ್ಣಾರೆ ಎಲುಬು ನೋಡಿದೀನಿ. ಇವರನ್ನ ಹುಡುಕ್ಕೊಂಡು ಕೆಳಗೆ ಬಂದೆ, ತಟ್ಟೆ ತುಂಬ ಎಲುಬು. ಯಾರದ್ರೀ ಇದು ಅಂದೆ. ಗಿಲ್ಬರ್ಟ್‌ದು, ಈಗ ತಾನೇ ಎದ್ದು ಹೋದ ಅಂದ್ರು. ಹೆಣ ಬಿದ್ದಿದೆ, ಇವರಿಗೆ ಊಟದ ವಿಚಾರ.”

ಮೈಯೆಲ್ಲ ಉರಿಯಿತು. ಆಕೆಯ ನಗು ನನಗೆ ಹೊಸದಲ್ಲ. ಬ್ರಿಕ್‌ಫೀಲ್ಡ್ಸಿನ ದಿನಸಿ ಅಂಗಡಿಯಲ್ಲಿ ಎದುರಾದಾಗೆಲ್ಲ ನನ್ನ ಚೀಲಕ್ಕೆ ಒಮ್ಮೆ ಇಣುಕಿ, ಮೀನಿದ್ದರೆ ಸೆರಗು ಸರಿಮಾಡಿಕೊಂಡು ಆಚೆ ನಿಲ್ಲುವ ಹೆಂಗಸು. ಆದರೆ ಅವತ್ತು ಆ ನಗು ನನಗೆ ಬೇಕಾಗಿತ್ತು. ನಗಲಿ, ಇನ್ನೊಂದು ಸ್ವಲ್ಪ ನಗಲಿ ಎಂದು ಕಾದೆ.

ಆಕೆಯ ಮಾತನ್ನು ರೊಸ್ಲಿಗೆ ಹೇಳುವಾಗ ಕೊನೆಯ ಚುಚ್ಚನ್ನು ಬಿಟ್ಟು ಹೇಳಿದೆ. ಬೇಕಾದ್ದನ್ನು ದಾಟಿಸಿ ಬೇಡದ್ದನ್ನು ಮೆತ್ತಗೆ ಮಾಡುವುದು ನನಗೆ ಅಷ್ಟರಲ್ಲಿ ರೂಢಿಯಾಗಿತ್ತು. ಆಲನ್ ಮತ್ತು ಗಿಲ್ಬರ್ಟ್ ನಡುವಿನ ಬೆಳಗಿನ ಜಗಳದ ವಿವರವನ್ನೂ ಹಾಗೇ ಹೇಳಿದ್ದೆ.

ರೊಸ್ಲಿ ಗಡಿಯಾರ ನೋಡಿಕೊಂಡ. “ಮಿಸ್ ಕ್ಯಾಥರಿನ್, ಜೀಪು ಹತ್ತಿರ ಬಂದಿದೆ. ಸಾಕು ಲಾ,” ಎಂದ ಇಲ್ಲಿಯವರ ರಾಗದಲ್ಲಿ.

“ಒಂದೇ ಒಂದು ಪ್ರಶ್ನೆ,” ಎಂದೆ. “ಗಿಲ್ಬರ್ಟನ ಜೇಬಿನಲ್ಲಿ ಸಿಕ್ಕಿದ್ದನ್ನು ಟೇಬಲಿನ ಮೇಲಿಡಿ.”

ಅವನು ಮನಸ್ಸಿಲ್ಲದ ಮನಸ್ಸಿನಿಂದ ಪ್ಲಾಸ್ಟಿಕ್ ಚೀಲವೊಂದನ್ನು ತೆಗೆದಿಟ್ಟ. ಒಳಗೆ ಪರ್ಸು, ಕರವಸ್ತ್ರ, ಮತ್ತೆ ಬಾಳೆನಾರಿನಲ್ಲಿ ಕಟ್ಟಿದ ಮೂರು ಭತ್ತದ ತೆನೆ. ನೀರಿನಲ್ಲಿ ನೆನೆದಿದ್ದರೂ ಒಂದು ಕಾಳೂ ಉದುರಿರಲಿಲ್ಲ.

ಮೂಲೆಯ ಕುರ್ಚಿಯಲ್ಲಿ ಅಷ್ಟು ಹೊತ್ತೂ ಕಣ್ಣು ಮುಚ್ಚಿ ಕೂತಿದ್ದ ಶರ್ಲಿ ಎದ್ದು ಹತ್ತಿರ ಬಂದಳು. ಚೀಲದ ಮೇಲೆ ಬಾಗಿ ತೆನೆಗಳನ್ನು ನೋಡುತ್ತಾ ನಿಂತಳು.

“ಇದು ಎಂತ ಅಂತ ಗೊತ್ತುಂಟಾ?” ಎಂದು ದಾಮೋದರನನ್ನು ಕೇಳಿದೆ.

“ಭತ್ತ. ಈ ಕೆಡಾ ರಾಜ್ಯದಲ್ಲಿ ಎಲ್ಲಿ ನೋಡಿದ್ರೂ ಭತ್ತನೇ. ಯಾವುದೋ ಗದ್ದೇಲಿ ಕಿತ್ಕೊಂಡಿರ್ತಾನೆ.”

“ಕಿತ್ತದ್ದಲ್ಲ. ನಿನ್ನೆ ಸಂಜೆ ನಾವು ಈ ಊರಿಗೆ ಬಂದಿಳಿದ ಮೇಲೆ ಗದ್ದೆಯವನನ್ನ ಕೇಳಿ ಕೊಯ್ದದ್ದು. ಇವತ್ತು ಬೆಳಿಗ್ಗೆ ಚರ್ಚಿನಲ್ಲಿ ಗುರುಗಳ ಕೈಯಿಂದ ಆಶೀರ್ವಾದ ಮಾಡಿಸಿದ್ದು.”

ನಮ್ಮ ಮೊಂತಿ ಹಬ್ಬ ಸೋಮವಾರ ಬಿದ್ದಿತ್ತು. ಮರಿಯಮ್ಮನವರ ಹುಟ್ಟಿದ ದಿನ, ನಮಗೆ ಹೊಸ ಅಕ್ಕಿ ಉಣ್ಣುವ ದಿನ. ಮಲೇಶಿಯಾದಲ್ಲಿ ಅದಕ್ಕೆ ರಜೆ ಕೊಡುವವರು ಯಾರು? ಹಾಗಾಗಿ ನಾವು ಮಂಗಳೂರಿನವರು ಮುಂಚಿನ ಭಾನುವಾರವೇ ಹಬ್ಬ ಮಾಡುತ್ತೇವೆ. ಕೌಲಾಲಂಪುರದಲ್ಲಿ ಕಾಂಡೊಮಿನಿಯಂ ಬೇಕಾದಷ್ಟು, ಭತ್ತದ ತೆನೆ ಒಂದೂ ಇಲ್ಲ. ಪ್ರತಿ ವರ್ಷ ಊರಿಂದ ಯಾರಾದರೂ ಒಣಗಿದ ತೆನೆ ತಂದಾರು ಎಂದು ಕಾಯುವುದು ನಮ್ಮ ಪಾಡು. ಈ ಸಲ ಹಸಿ ತೆನೆಯನ್ನೇ ತರೋಣ ಎಂದು ಹಟ ಹಿಡಿದು, ಟೂರನ್ನು ಈ ಭಾನುವಾರಕ್ಕೇ ಇಡಿಸಿದವನು ಗಿಲ್ಬರ್ಟ್.

ಇದನ್ನೆಲ್ಲ ದಾಮೋದರನಿಗೂ ರೊಸ್ಲಿಗೂ ಒಂದೊಂದು ಭಾಷೆಯಲ್ಲಿ ಹೇಳಿದೆ. ಕೊನೆಯದನ್ನು ಮಾತ್ರ ಜಲಜಾಕ್ಷಿಯ ಮುಖ ನೋಡಿ ಹೇಳಿದೆ.

“ಇವತ್ತು ನಮಗೆ ಕೋಳಿ ಇಲ್ಲ, ಮೀನಿಲ್ಲ, ಮೊಟ್ಟೆಯೂ ಇಲ್ಲ. ಬರೀ ತರಕಾರಿ. ಅದೂ ಮನೆಯ ಹಿರಿಯ ತೆನೆಯ ಕಾಳು ಸುಲಿದು, ಹಾಲಿಗೆ ಹಾಕಿ, ಮನೆಯವರಿಗೆಲ್ಲ ಹಂಚಿದ ಮೇಲೆಯೇ ಊಟ. ಶರ್ಲಿಯ ಮನೆಗೆ ಹಿರಿಯ ಗಿಲ್ಬರ್ಟ್. ಕಾಳು ಇನ್ನೂ ತೆನೆಯಲ್ಲೇ ಉಂಟು. ತಂಗಿಗೆ ಹೊಸ ಅಕ್ಕಿ ಕೊಡದೆ ಅವನು ಇಲ್ಲಿ ಬಂದು ಕೂತು ಕೋಳಿ ತಿಂದನಾ?”

ದಾಮೋದರ ಚೀಲವನ್ನು ನನ್ನ ಕಡೆಗೆ ತಳ್ಳಿದ.

“ಎಲ್ಲರೂ ಎಲ್ಲ ಪಾಲಿಸ್ತಾರಾ?” ಎಂದ. “ದೇಶ ಬಿಟ್ಟು ಬಂದ್ಮೇಲೆ ಯಾರು ಕೇಳ್ತಾರೆ ಇದನ್ನೆಲ್ಲ? ಹಸಿವಾಗಿತ್ತು, ತಿಂದ.”

“ಬೆಳಿಗ್ಗೆ ವ್ಯಾನಿನಲ್ಲಿ ದೇವದಾಸ ಕರಿಪಫ್ ಹಂಚಿದ. ಒಳಗೆ ಸಾರ್ಡಿನ್ ಮೀನು. ಗಿಲ್ಬರ್ಟ್ ತಗೊಂಡನಾ ಇಲ್ಲವಾ, ದೇವದಾಸ?”

ದೇವದಾಸ ಪುತ್ತೂರಿನ ಕಡೆಯವನು. ಬ್ರಿಕ್‌ಫೀಲ್ಡ್ಸಿನಲ್ಲಿ ಒಂದು ಮೇಜು, ಒಂದು ಫೋನು ಇಟ್ಟುಕೊಂಡು ಟೂರು ನಡೆಸುತ್ತಿದ್ದ. ಗಿರಾಕಿ ಸತ್ತ ಗಳಿಗೆಯಿಂದ ತನ್ನ ಲೈಸೆನ್ಸ್ ಹೋಯಿತು ಎಂದು ಗೊಣಗುತ್ತಾ ಕಂಬಕ್ಕೆ ಒರಗಿ ನಿಂತಿದ್ದ. ಅವನು ಯಾರ ಪರವೂ ಮಾತಾಡುವ ಮನಸ್ಸಿನಲ್ಲಿರಲಿಲ್ಲ.

“ಇಲ್ಲ ಮಾರಾಯ್ರೆ, ಬೇಡ ಅಂದರು,” ಎಂದ. “ಆಮೇಲೆ ಜಲಜಕ್ಕ ಎಂತದೋ ಹೇಳಿ ತಮಾಷೆ ಮಾಡಿದರು.”

“ಎಂತ ಹೇಳಿದ್ರಿ ಜಲಜಾಕ್ಷಿಯವರೇ?”

ಆಕೆಯ ಉತ್ತರ ಬೇಕಾಗಿರಲಿಲ್ಲ, ನಾವೆಲ್ಲ ಕೇಳಿದ್ದೆವು. ಏನು ಗಿಲ್ಬರ್ಟ್, ನಮ್ಮ ಜಾತಿಗೆ ಸೇರಿಬಿಟ್ರಾ ಎಂದು ಇಡೀ ವ್ಯಾನಿಗೆ ಕೇಳುವ ಹಾಗೆ ಹೇಳಿ ನಕ್ಕಿದ್ದಳು. ಗಿಲ್ಬರ್ಟ್ ಕೂಡ ನಕ್ಕು, ಇವತ್ತೊಂದು ದಿನ ಸೇರಿಸಿಕೊಳ್ಳಿ ಎಂದಿದ್ದ.

ಆ ಮಾತು ಆಕೆಗೆ ನೆನಪಾದದ್ದು ನನಗೆ ಕಂಡಿತು. ನಗು ಇಳಿಯಿತು. ಮೊದಲು ತೆನೆ ನೋಡಿದಳು, ಆಮೇಲೆ ಟೇಬಲ್ಲು ನೋಡಿದಳು, ಆಮೇಲೆ ಗಂಡನನ್ನು ನೋಡಿದಳು. ಮೂವತ್ತು ವರ್ಷ ಅಡಿಗೆ ಮಾಡಿ ಬಡಿಸಿದ ಹೆಂಗಸು. ತಟ್ಟೆ ಒಂದು, ಎಲುಬು ಒಂದು ರಾಶಿ, ಕೂತವನು ಒಬ್ಬ. ಅಲ್ಲಿಂದ ಮುಂದಿನದ್ದನ್ನು ನಾನು ಹೇಳಿಕೊಡಬೇಕಾಗಿರಲಿಲ್ಲ.

“ಕೈ ಕೊಡಿ,” ಎಂದಳು.

“ಏನೇ ಇದು?”

“ಬಲಗೈ ಕೊಡಿ ಅಂದೆ.”

ದಾಮೋದರ ಕೈಯನ್ನು ಹಿಂದಕ್ಕೆ ಎಳೆದುಕೊಂಡ. ಆಕೆ ಬಿಡಲಿಲ್ಲ. ಮಣಿಕಟ್ಟು ಹಿಡಿದು, ತನ್ನ ಮಾಸ್ಕ್ ಕೆಳಗೆ ಜಗ್ಗಿ, ಅವನ ಬೆರಳುಗಳನ್ನು ಮೂಗಿನ ಹತ್ತಿರ ತಂದುಕೊಂಡಳು. ಸೋಪು ಹಾಕಿ ತೊಳೆದಿದ್ದನೇನೋ. ಆದರೆ ಈ ಕಡೆಯ ಒಣಸೀಗಡಿಯ ಸಂಬಾಲ್ ಚಟ್ನಿ ಒಂದು ಸಲ ಉಗುರಿನ ಸಂದಿಗೆ ಹೋದರೆ ಸಂಜೆಯ ತನಕ ಬಿಡುವುದಿಲ್ಲ. ಆಕೆ ಆ ಕೈಯನ್ನು ಮೆಲ್ಲಗೆ ಟೇಬಲಿನ ಮೇಲಿಟ್ಟು ತನ್ನ ಕುರ್ಚಿಯನ್ನು ಒಂದು ಗೇಣು ಆಚೆ ಸರಿಸಿ ಕೂತಳು.

“ಎಷ್ಟು ವರ್ಷದಿಂದ?” ಎಂದು ಕೇಳಿದಳು.

ದಾಮೋದರ ತಲೆ ತಗ್ಗಿಸಿದ.

ರೊಸ್ಲಿ ನನ್ನ ಕಡೆ ನೋಡಿದ. ಅನುವಾದ ಮಾಡಿದೆ. ಅವನ ಮುಖದಲ್ಲಿ ಅವತ್ತು ಮೊದಲ ಸಲ ಏನೋ ಸರಿದಾಡಿತು, ನಗುವೋ ಸಿಟ್ಟೋ ಗೊತ್ತಾಗಲಿಲ್ಲ. ಟೀ ಲೋಟ ಪಕ್ಕಕ್ಕಿಟ್ಟು, ಇನ್ನು ಇಂಗ್ಲಿಷಿನಲ್ಲೇ ಮಾತಾಡಿ ಎಂದು ದಾಮೋದರನಿಗೆ ಹೇಳಿದ.

ದಾಮೋದರ ಕನ್ನಡದಲ್ಲೇ ಹೇಳಿದ. ಹೆಂಡತಿಗೆ ಹೇಳಿದ, ನಮಗೆ ಯಾರಿಗೂ ಅಲ್ಲ. ಇವಳು ವ್ಯಾನಿನಲ್ಲಿ ಬರುವುದರೊಳಗೆ ಬೇಗ ಬೇಗ ಹತ್ತಿ ಬಂದು ತಿಂದು ಮುಗಿಸಬೇಕು ಎಂದುಕೊಂಡಿದ್ದನಂತೆ. ತಟ್ಟೆ ಎತ್ತುವ ಮುಂಚೆ ಇವಳು ಎದುರಿಗೆ ನಿಂತಿದ್ದಳಂತೆ. ಬಾಯಿಗೆ ಬಂದ ಮೊದಲ ಹೆಸರು ಗಿಲ್ಬರ್ಟನದು. ಕ್ರಿಶ್ಚನ್ನು, ಕೋಳಿ ತಿನ್ನುವವನು, ಯಾರೂ ಎರಡನೇ ಪ್ರಶ್ನೆ ಕೇಳುವುದಿಲ್ಲ.

“ಆಮೇಲೆ ಅವನು ಸತ್ತ ಅಂತ ಗೊತ್ತಾಯ್ತು,” ಎಂದ. “ಇವಳ ಹತ್ರ ಒಂದು ಹೇಳಿ ಪೊಲೀಸರ ಹತ್ರ ಇನ್ನೊಂದು ಹೇಳೋಕಾಗುತ್ತಾ?”

ನಾನು ಎದ್ದು ನಿಂತೆ. ಕುರ್ಚಿ ಹಿಂದಕ್ಕೆ ಬಿತ್ತು. ಇಷ್ಟಕ್ಕಾ? ಹೆಂಡತಿಯ ಮುಂದೆ ಮಾನ ಉಳಿಸಿಕೊಳ್ಳಲಿಕ್ಕೆ ನನ್ನ ತಮ್ಮನ ಕೊರಳಿಗೆ ಹಗ್ಗ ಹಾಕಿಸಲು ಹೊರಟವನು ಇವನು. ಮೂರು ಸಲ ಕೇಳಿದೆ, ಮೂರು ಸಲವೂ ಸತ್ತವನ ಮೇಲೆ ಹಾಕಿದ. ಅವನ ಕೆನ್ನೆಗೆ ಬಾರಿಸಬೇಕು ಎನ್ನುವಷ್ಟು ಕೈ ತುರಿಸಿತು. ಆದರೆ ಕೇಳಬೇಕಾದದ್ದು ಇನ್ನೂ ಒಂದಿತ್ತು.

“ಹಾಗಾದ್ರೆ ಗಿಲ್ಬರ್ಟನನ್ನ ಕೊನೆಗೆ ನೋಡಿದ್ದು ಎಲ್ಲಿ?”

“ಚಂಡಿ ಮೆಟ್ಟಿಲ ಮೇಲೆ. ನೀವೆಲ್ಲ ಹೊರಟ ಮೇಲೂ ಅಲ್ಲೇ ಕೂತಿದ್ದ. ಬನ್ನಿ ಹೋಗೋಣ ಅಂದೆ. ನೀವು ನಡೀರಿ, ಒಬ್ಬರು ಬರೋದಿದೆ, ಮಾತಾಡಿ ಬರ್ತೀನಿ ಅಂದ.”

“ಯಾರು ಬರೋದಿತ್ತು?”

“ನಾನು ಕೇಳ್ಲಿಲ್ಲ. ನನಗೆ ಅರ್ಜೆಂಟಿತ್ತು.”

ಒಂದೂ ಮಾತು ಬಿಡದೆ ಎಲ್ಲವನ್ನೂ ರೊಸ್ಲಿಗೆ ಹೇಳಿದೆ. ನನ್ನ ದನಿ ನನಗೇ ಗೆದ್ದವಳ ದನಿಯಾಗಿ ಕೇಳುತ್ತಿತ್ತು. ಗಿಲ್ಬರ್ಟ್ ಚಂಡಿಯಿಂದ ಕದಲಲೇ ಇಲ್ಲ, ಇನ್ಸ್‌ಪೆಕ್ಟರ್. ಯಾರಿಗೋ ಕಾಯುತ್ತಿದ್ದ, ಆ ಯಾರೋ ಬಂದು ಹೊಡೆದ, ಇದೆಲ್ಲ ನಡೆದದ್ದು ನಮ್ಮ ಊಟಕ್ಕೆ ಮೊದಲು. ಆಗ ನನ್ನ ತಮ್ಮ ವ್ಯಾನಿನಲ್ಲಿದ್ದ. ಸತ್ತವನ ತಂಗಿಯೇ ಸಾಕ್ಷಿ. ಇನ್ನು ಅವನನ್ನು ಆ ಬೆಂಚಿನಿಂದ ಏಳಿಸಿ.

ಹೊರಗೆ ಹೊಗೆಯ ನಡುವೆ ಜೀಪಿನ ಎರಡು ದೀಪ ಕಾಣಿಸಿಕೊಂಡವು. ಬರಲಿ ಎಂದುಕೊಂಡೆ. ಬೇಕಾದರೆ ಕೋಳಿ ತಿಂದವನನ್ನು ಹತ್ತಿಸಿಕೊಂಡು ಹೋಗಲಿ.

ರೊಸ್ಲಿ ಕಾನ್‌ಸ್ಟೇಬಲ್‌ಗೆ ಸನ್ನೆ ಮಾಡಿ ಆಲನ್‌ನನ್ನು ಒಳಗೆ ಕರೆಸಿದ. ಆಲನ್ ಬಂದು ನನ್ನ ಪಕ್ಕದಲ್ಲಿ ನಿಂತ. ಅವನ ತೋಳು ಹಿಡಿದುಕೊಂಡೆ, ಮಂಜಿನಷ್ಟು ತಣ್ಣಗಿತ್ತು.

“ಮಿಸ್ ಶರ್ಲಿ,” ಎಂದು ರೊಸ್ಲಿ ಮರ್ಯಾದೆಯಿಂದಲೇ ಕೇಳಿದ. “ನಿಮ್ಮ ಹೇಳಿಕೆ ಇನ್ನೊಮ್ಮೆ ಬೇಕು. ಮೊದಲು ಅದಕ್ಕೆ ಅಷ್ಟು ಬೆಲೆ ಇರಲಿಲ್ಲ. ಈಗ ಇದೆ. ವ್ಯಾನಿನಲ್ಲಿ ಈತ ನಿಮ್ಮ ಜೊತೆ ಇದ್ದನೇ?”

ಶರ್ಲಿ ಚೀಲದ ಮೇಲಿನಿಂದ ಕಣ್ಣು ತೆಗೆಯಲಿಲ್ಲ.

ಆಗ ನನಗೆ ಬೆಳಗಿನ ಜಗಳ ಕಣ್ಣೆದುರು ಬಂತು. ಚರ್ಚಿನ ಮುಂದೆ ಗಿಲ್ಬರ್ಟ್ ನಮ್ಮವರಿಗೆಲ್ಲ ತೆನೆ ಹಂಚಿದ್ದ, ಮನೆಯಲ್ಲಿ ಎಷ್ಟು ಜನವೋ ಅಷ್ಟು ತೆನೆ. ಪುಚೊಂಗಿನ ನಮ್ಮ ಮನೆಯಲ್ಲಿ ನಾನು ಮತ್ತು ಆಲನ್, ಇಬ್ಬರು. ನನ್ನ ಕೈಗೆ ಅವನು ಇಟ್ಟದ್ದು ಒಂದೇ. ಶರ್ಲಿಯನ್ನು ಕೊಡು ಎಂದು ಆಲನ್ ಕೇಳಿ, ಗಿಲ್ಬರ್ಟ್ ಆಗುವುದಿಲ್ಲ ಎಂದು ವರ್ಷವಾಗಿತ್ತು. ಆ ಸಿಟ್ಟಿಗೆ ಹಬ್ಬದ ದಿನವೂ ನನ್ನ ತಮ್ಮನಿಗೆ ಹೊಸ ಅಕ್ಕಿ ಇಲ್ಲ ಎಂದನಲ್ಲ ಎಂದು ನಾನು ಕಿಡಿಕಿಡಿಯಾದೆ. ಆಲನ್ ವ್ಯಾನಿನಲ್ಲಿ ಎಲ್ಲರ ಮುಂದೆ ಅವನ ಕಾಲರ್ ಹಿಡಿದ. ಗಿಲ್ಬರ್ಟ್ ತಿರುಗಿ ಬಯ್ಯಲಿಲ್ಲ, ಆಮೇಲೆ ಮಾತಾಡುವ ಎಂದಷ್ಟೇ ಹೇಳಿದ.

ಗಿಲ್ಬರ್ಟನ ಮನೆಯಲ್ಲಿದ್ದದ್ದು ಅವನು ಮತ್ತು ಶರ್ಲಿ. ಚೀಲದಲ್ಲಿದ್ದದ್ದು ಮೂರು ತೆನೆ.

“ಮೂರನೆಯದು ಆಲನ್‌ಗೆ,” ಎಂದಳು ಶರ್ಲಿ.

ಅವಳು ಹೇಳಿದ್ದು ಇಂಗ್ಲಿಷಿನಲ್ಲಿ, ನೇರ ರೊಸ್ಲಿಗೆ. ನಡುವೆ ನನ್ನನ್ನು ಇಟ್ಟುಕೊಳ್ಳಲಿಲ್ಲ.

“ಅಣ್ಣ ಚಂಡಿಯ ಹತ್ತಿರ ನನ್ನನ್ನು ಪಕ್ಕಕ್ಕೆ ಕರೆದು ಹೇಳಿದ. ನನ್ನ ಮನಸ್ಸು ಬದಲಾಗಿದೆ, ಅವನ ಪಾಲು ಇನ್ನು ನಮ್ಮ ಮನೆಯಲ್ಲಿ, ನನ್ನ ಕೈಯಿಂದಲೇ ಕೊಡುತ್ತೇನೆ, ಎಲ್ಲರೂ ಹೋದ ಮೇಲೆ ಅವನೊಬ್ಬನನ್ನೇ ಕಳಿಸು ಅಂದ. ಯಾಕೆ ಅಂತ ಹೇಳಬೇಡ, ನಾನೇ ಹೇಳಬೇಕು ಅಂದ. ನಾನು ಕಳಿಸಿದೆ. ವ್ಯಾನಿನಲ್ಲಿ ನಾನೊಬ್ಬಳೇ ಬಂದೆ, ಸರ್. ಡ್ರೈವರನ್ನು ಕೇಳಿ.”

ಶರ್ಲಿ ಚೀಲದ ಮೇಲೆ ಕೈಯಿಟ್ಟು ಮಾತು ಮುಂದುವರಿಸಿದಳು.

“ಹಳ್ಳಿಯ ತುದಿಯಲ್ಲಿ ನಾನು ಕಾದಿದ್ದೆ. ಆಲನ್ ಕಾಡುಹಾದಿಯಲ್ಲಿ ಬಂದ. ಗಿಲ್ಬರ್ಟ್ ಅಲ್ಲಿರಲಿಲ್ಲ, ಆಗಲೇ ಹೊರಟುಹೋಗಿದ್ದ ಅಂದ. ಆಮೇಲೆ ಅಣ್ಣನ ಹೆಣ ಸಿಕ್ಕಿದಾಗ, ಬೆಳಿಗ್ಗೆ ಜಗಳ ಆಗಿದೆ, ಸುಮ್ಮನೆ ಅನುಮಾನ ಬೇಡ, ನಿನ್ನ ಜೊತೆ ವ್ಯಾನಿನಲ್ಲಿದ್ದೆ ಅಂತ ಹೇಳು ಅಂದ. ಅಣ್ಣ ಇಲ್ಲಿ ಕೂತು ಊಟ ಮಾಡಿದ ಅಂತ ಇವರು ಹೇಳಿದರಲ್ಲ, ಹಾಗಾಗಿ ಆಲನ್ ಹೇಳಿದ್ದು ನಿಜ ಅಂತ ನಂಬಿದೆ. ಸುಳ್ಳು ಹೇಳಿದರೂ ತೊಂದರೆ ಇಲ್ಲ ಅಂತ ಹೇಳಿದೆ.”

ಆಮೇಲೆ ನನ್ನ ಕಡೆ ತಿರುಗಿದಳು. “ನೀವೇ ತೋರಿಸಿಕೊಟ್ರಿ ಅಕ್ಕ. ಅಣ್ಣ ಅಲ್ಲಿಂದ ಏಳಲೇ ಇಲ್ಲ.”

ದಾಮೋದರನ ಸುಳ್ಳನ್ನು ಎಳೆದು ಬೀಳಿಸಿದವಳು ನಾನು. ನನ್ನ ತಮ್ಮ ಅಷ್ಟು ಹೊತ್ತು ಒರಗಿ ನಿಂತಿದ್ದ ಗೋಡೆಯೂ ಅದೇ ಆಗಿತ್ತು.

ಹಿಡಿದಿದ್ದ ತೋಳು ನನ್ನ ಕೈಯಿಂದ ಜಾರಿತು. ಆಲನ್ ಟೇಬಲಿನ ಹತ್ತಿರ ಹೋಗಿ ಚೀಲದ ಮೇಲೆ ಬಾಗಿದ. ಬಾಳೆನಾರಿನ ಗಂಟನ್ನು, ಮೂರನೆಯ ತೆನೆಯನ್ನು ನೋಡಿದ. ಚಿಕ್ಕಂದಿನಿಂದ ನಾವು ಮನೆಯಲ್ಲಿ ಆಡುವ ಕೊಂಕಣಿಯಲ್ಲಿ, ನನಗೆ ಮಾತ್ರ ಹೇಳುವವನ ಹಾಗೆ, ಒಂದೇ ಮಾತು ಹೇಳಿದ.

“ಇದು ನನಗೆ ಅಂತ ಅವನು ಬಾಯಿಬಿಟ್ಟು ಒಂದು ಮಾತು ಹೇಳಿದ್ದರೆ ಸಾಕಿತ್ತು, ಅಕ್ಕ. ನನ್ನ ಪಾಲು ಎಲ್ಲಿ ಅಂತ ನಾನು ಕೇಳಿಯೂ ಕೇಳಿದೆ.”

ಗಿಲ್ಬರ್ಟನನ್ನು ಜೀವಂತ ಕಾಣಲೇ ಇಲ್ಲ ಎಂದು ಅಲ್ಲಿಯ ತನಕ ಆಣೆ ಹಾಕಿದ್ದವನ ಬಾಯಿಂದ ಬಂದ ಮಾತು ಅದು.

ಜೀಪು ಅಂಗಡಿಯ ಮುಂದೆ ನಿಂತಿತು. ಆ ಟೇಬಲಿನ ಸುತ್ತ ಕೊಂಕಣಿ ಬಲ್ಲವರು ಇನ್ನಿಬ್ಬರೇ, ನಾನು ಮತ್ತು ಶರ್ಲಿ. ಶರ್ಲಿ ಕಣ್ಣು ಮಿಟುಕಿಸದೆ ನನ್ನನ್ನೇ ನೋಡುತ್ತಿದ್ದಳು.

ರೊಸ್ಲಿ ನನ್ನ ಕಡೆ ತಿರುಗಿದ.

“ಏನು ಹೇಳಿದ ನಿಮ್ಮ ತಮ್ಮ?” ಎಂದು ಕೇಳಿದ.